ತುಂಗಭದ್ರೆಯ ಮೀನಿಗೆ ಜಪಾನಿನ ಹುಳಿ

ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ ‘ಮಾನಸೋಲ್ಲಾಸ’ದಲ್ಲಿ ಒಂದು ಮೀನಿನ ಅಡುಗೆ ಬರುತ್ತದೆ. ಹನ್ನೆರಡನೆಯ ಶತಮಾನದ ಮೊದಲರ್ಧದ ಗ್ರಂಥವದು. ಮೀನನ್ನು ತುಂಡು ಮಾಡಿ, ಚೊಕ್ಕಟವಾಗಿ ತೊಳೆದು, ಹುಣಸೆ ರಸದಲ್ಲಿ ಬೇಯಿಸಬೇಕು. ಮೇಲೆ ಧಾರಾಳವಾಗಿ ಗೋಧಿ ಹಿಟ್ಟು ಉದುರಿಸಿ ಕಾದ ಎಣ್ಣೆಯಲ್ಲಿ ಕೆಂಪಗೆ ಕರಿಯಬೇಕು. ಕೊನೆಗೆ ಸೈಂಧವ ಲವಣ, ಏಲಕ್ಕಿ, ಕಾಳುಮೆಣಸಿನ ಪುಡಿ. ಮೆಣಸಿನಕಾಯಿ ಇನ್ನೂ ಈ ನೆಲಕ್ಕೆ ಕಾಲಿಡದ ಕಾಲದ ಅಡುಗೆ ಇದು. ಲಕ್ಕುಂಡಿಯ ಗುಡಿಗಳೂ ಮುಂಡರಗಿ ತಾಲ್ಲೂಕಿನ ಡಂಬಳದ ದೊಡ್ಡಬಸಪ್ಪ ದೇವಾಲಯವೂ ಅದೇ ಚಾಲುಕ್ಯರ ಕಾಲದವು. ಗದಗ ಸೀಮೆಯನ್ನು ಆಳಿದವರ ಅಡುಗೆಮನೆಗೆ ಹುಳಿ, ಹಿಟ್ಟು, ಎಣ್ಣೆಗಳಲ್ಲಿ ಮೀನನ್ನು ಹದ ಮಾಡುವ ವಿದ್ಯೆ ಒಂಬೈನೂರು ವರ್ಷಗಳ ಹಿಂದೆಯೇ ಗೊತ್ತಿತ್ತು.

ಅದೇ ಹುಳಿ, ಹಿಟ್ಟು, ಎಣ್ಣೆಯ ಮೇಲೆ ನಿಂತ ಅಡುಗೆಯೊಂದು ಜಪಾನಿನ ಸಾಮಾನ್ಯ ಮನೆಗಳಲ್ಲಿದೆ. ಅದರ ಹೆಸರು ನಾನ್‌ಬಾನ್‌ಝುಕೆ. ಮೀನಿಗೆ ಹಿಟ್ಟು ಸವರಿ ಕರಿಯುತ್ತಾರೆ. ಬಾಣಲೆಯಿಂದ ತೆಗೆದ ಬಿಸಿ ತುಂಡುಗಳನ್ನು ವಿನೆಗರ್, ಸೋಯಾ ಸಾಸ್, ಸಕ್ಕರೆ, ಒಣ ಮೆಣಸಿನಕಾಯಿ ಕೂಡಿದ ಸಿಹಿ ಹುಳಿ ನೀರಿಗೆ ಬಿಡುತ್ತಾರೆ. ಜೊತೆಗೆ ತೆಳ್ಳಗೆ ಹೆಚ್ಚಿದ ಉಳ್ಳಾಗಡ್ಡಿ, ಗಜ್ಜರಿ. ಅರ್ಧ ತಾಸು ನೆನೆಸಿ ತಿನ್ನಬಹುದು, ರಾತ್ರಿಯಿಡೀ ಫ್ರಿಜ್ಜಿನಲ್ಲಿಟ್ಟು ಮರುದಿನ ತಣ್ಣಗೂ ತಿನ್ನಬಹುದು. ಜಪಾನಿನ ರುಚಿಯನ್ನು ಮುಂಡರಗಿಯ ಮನೆಯೊಂದರಲ್ಲಿ, ತುಂಗಭದ್ರೆಯ ಮೀನಿನಲ್ಲಿ, ಇಲ್ಲಿನ ಜೋಳ ಮತ್ತು ಕುಸುಬಿ ಎಣ್ಣೆಯಲ್ಲಿ ತರಬೇಕೆಂದರೆ ಇದಕ್ಕಿಂತ ಒಪ್ಪುವ ಅಡುಗೆ ಇನ್ನೊಂದಿಲ್ಲ. ಜಪಾನಿನ ಅಡುಗೆ ಎಂದರೆ ಮೊಬೈಲಿನ ವಿಡಿಯೊಗಳು ಮೊದಲು ತೋರಿಸುವುದು ಹಸಿ ಮೀನಿನ ಸುಶಿಯನ್ನು. ಹೊಳೆಯ ಮೀನು ಕೈಯಲ್ಲಿರುವವರು ಸುಶಿಯನ್ನು ಬಿಟ್ಟು ಈ ಕಡೆ ಬರಬೇಕು. ಅದಕ್ಕೆ ರುಚಿಯ ಕಾರಣವೂ ಇದೆ, ಆರೋಗ್ಯದ ಕಾರಣವೂ ಇದೆ.

ನಾನ್‌ಬಾನ್‌ಝುಕೆ ಹುಟ್ಟಿದ್ದೇ ಬೆರಕೆಯಿಂದ. ಅದರ ಬೇರು ಹಿಡಿದು ಹೋದರೆ ದಾರಿ ಕರ್ನಾಟಕದ ಮಗ್ಗುಲಿನ ಗೋವೆಗೆ ಬರುತ್ತದೆ. ಪೋರ್ಚುಗೀಸರು ಗೋವೆಯನ್ನು ಹಿಡಿದದ್ದು 1510ರಲ್ಲಿ. ಅವರ ವ್ಯಾಪಾರಿಗಳು ಜಪಾನಿನ ತಾನೆಗಾಶಿಮಾ ದ್ವೀಪಕ್ಕೆ ತಲುಪಿದ್ದು 1543ರಲ್ಲಿ. ಇಂದು ಹಳೆ ಗೋವೆಯಲ್ಲಿ ಯಾರ ಪಾರ್ಥಿವ ಶರೀರವಿದೆಯೋ ಆ ಫ್ರಾನ್ಸಿಸ್ ಝೇವಿಯರ್ 1549ರಲ್ಲಿ ಗೋವೆಯಿಂದಲೇ ಹೊರಟು ಕಾಗೋಶಿಮಾದಲ್ಲಿ ಇಳಿದರು. 1571ರಿಂದ ನಾಗಸಾಕಿ ಪೋರ್ಚುಗೀಸ್ ಹಡಗುಗಳ ಬಂದರಾಯಿತು. ಗೋವಾ, ಮಕಾವ್, ನಾಗಸಾಕಿ ಎಂಬುದು ಆ ಕಾಲದ ನಿಯಮಿತ ಹಡಗು ದಾರಿ. ಆ ಹಡಗುಗಳ ಜೊತೆ ಐಬೀರಿಯದ ಎಸ್ಕಬೇಚೆ ಎಂಬ ಅಡುಗೆಯೂ ಜಪಾನಿಗೆ ಹೋಯಿತು. ಕರಿದ ಮೀನನ್ನು ವಿನೆಗರ್‌ನಲ್ಲಿ ನೆನೆಸುವುದೇ ಎಸ್ಕಬೇಚೆ. ಅದರ ಪೂರ್ವಜ ಪರ್ಷಿಯಾದ ಸಿಕ್ಬಾಜ್ ಎಂಬ ಹುಳಿ ಮಾಂಸದ ಅಡುಗೆ. ಇಂದು ಜಪಾನಿನ ಗುರುತಾಗಿರುವ ತೆಂಪುರಾ ಕೂಡ ಅದೇ ಪೋರ್ಚುಗೀಸರು ಕಲಿಸಿದ ಕರಿಯುವ ಬಗೆ. ಗೋವೆಯಲ್ಲಿ ಅದೇ ವಿನೆಗರ್ ಬಳ್ಳೊಳ್ಳಿಯ ಜೊತೆ ಸೇರಿ ವಿಂದಾಲೂ ಆಯಿತು. ವಿಂದಾಲೂ ಮತ್ತು ನಾನ್‌ಬಾನ್‌ಝುಕೆ ಒಂದೇ ಹಡಗಿನಲ್ಲಿ ಬಂದ ಸಂಬಂಧಿಕರು.

ಮೆಣಸಿನಕಾಯಿಯದೂ ಅದೇ ಪಯಣ. ಅಮೆರಿಕ ಖಂಡದ ಈ ಕಾಯಿ ಪೋರ್ಚುಗೀಸರ ಕೈಯಿಂದ ಪಶ್ಚಿಮ ಕರಾವಳಿಗೆ ಬಂದು ಘಟ್ಟ ಹತ್ತಿ ಕಪ್ಪು ನೆಲದಲ್ಲಿ ಬೇರು ಬಿಟ್ಟಿತು. ಹಾವೇರಿ ಜಿಲ್ಲೆಯ ಬ್ಯಾಡಗಿಯ ಹೆಸರಿನ ಮೆಣಸಿನಕಾಯಿಗೆ 2011ರಲ್ಲಿ ಭೌಗೋಳಿಕ ಗುರುತು ಸಿಕ್ಕಿತು. ಗದಗ ಜಿಲ್ಲೆಯ ಎರೆ ಹೊಲಗಳಲ್ಲೂ ಅದು ಬೆಳೆಯುತ್ತದೆ. ಖಾರ ಕಡಿಮೆ, ಬಣ್ಣ ಹೆಚ್ಚು ಎಂಬುದೇ ಅದರ ಹೆಚ್ಚುಗಾರಿಕೆ. ಹುಳಿ ನೀರಿನಲ್ಲಿ ನೆನೆಯುವ ಮೀನಿಗೆ ಬೇಕಾದದ್ದೂ ಅಂಥ ಮೆಣಸಿನಕಾಯಿಯೇ.

ಇನ್ನು ಮೀನಿನ ಮಾತು. ಮುಂಡರಗಿ ತಾಲ್ಲೂಕಿನ ಅಂಚಿನಲ್ಲೇ ತುಂಗಭದ್ರೆ ಹರಿಯುತ್ತಾಳೆ. ಕೊರ್ಲಹಳ್ಳಿಯ ಸೇತುವೆ ದಾಟಿದರೆ ಆಚೆ ಹೂವಿನಹಡಗಲಿ ಸೀಮೆ. ಹಮ್ಮಿಗಿಯಲ್ಲಿ ಸಿಂಗಟಾಲೂರು ಏತ ನೀರಾವರಿ ಯೋಜನೆಯ ಬ್ಯಾರೇಜ್ ಇದೆ, ಅದರ ಹಿಂದೆ ನೀರು ನಿಲ್ಲುತ್ತದೆ. ಹರಿಗೋಲು ಹಾಕಿ ಬಲೆ ಬೀಸುವ ಅಂಬಿಗರಿಗೆ ಈ ಹೊಳೆ ತಲೆತಲಾಂತರದ ಬದುಕು. ವಚನಕಾರ ಅಂಬಿಗರ ಚೌಡಯ್ಯನ ಚೌಡದಾನಪುರವೂ ಇದೇ ಹೊಳೆಯ ದಂಡೆಯಲ್ಲಿ, ಮೇಲಿನ ಹರಿವಿನಲ್ಲಿದೆ. ಮಾರುಕಟ್ಟೆಯಲ್ಲಿ ಹೆಚ್ಚಾಗಿ ಕಾಣುವ ಕಾಟ್ಲಾ, ರೋಹು, ಮೃಗಾಲ್ ಮೂರೂ ಮೂಲತಃ ಗಂಗಾ ಬಯಲಿನವು, ಮರಿ ಬಿಟ್ಟು ಸಾಕಿದ್ದರಿಂದ ದಕ್ಷಿಣದ ಹೊಳೆ ಕೆರೆಗಳಿಗೆ ಬಂದವು. ಜಿಲೇಬಿ ಎಂದು ಕರೆಯುವ ತಿಲಾಪಿಯಾ ಆಫ್ರಿಕದ್ದು. ಬಾಳೆ ಮೀನು, ಕೊರಮೀನು, ಸಣ್ಣ ಗೆಂಡೆಗಳು ಇಲ್ಲಿನವೇ.

ಹೊಳೆಯ ಈ ಮೀನುಗಳನ್ನು ಸುಶಿ, ಸಾಶಿಮಿ ಎಂದು ಹಸಿಯಾಗಿ ತಿನ್ನುವಂತಿಲ್ಲ. ಸಿಹಿನೀರಿನ ಮೀನಿನ ಮಾಂಸದಲ್ಲಿ ಲಾಡಿಹುಳು, ಯಕೃತ್ತಿನ ಚಪ್ಪಟೆ ಹುಳುಗಳ ಮರಿಗಳು ಇರಬಹುದು. ಅವು ಕಣ್ಣಿಗೆ ಸುಲಭವಾಗಿ ಕಾಣುವುದಿಲ್ಲ, ನಿಂಬೆಹುಳಿಗೋ ವಿನೆಗರ್‌ಗೋ ಸಾಯುತ್ತವೆ ಎಂಬ ಭರವಸೆಯಿಲ್ಲ. ಜಪಾನಿನ ಹೆಸರಾಂತ ಪಿಂಗಾಣಿ ಕಲಾವಿದ, ಅಡುಗೆಯ ರಸಿಕ ಕಿತಾಓಜಿ ರೋಸಾನ್‌ಜಿನ್ 1959ರಲ್ಲಿ ತೀರಿಕೊಂಡದ್ದು ಇಂಥ ಯಕೃತ್ತಿನ ಹುಳುವಿನ ಕಾಯಿಲೆಯಿಂದ. ಹಸಿಯಾಗಿ ಬಡಿಸುವ ಮೀನನ್ನು ಮೈನಸ್ 20 ಡಿಗ್ರಿ ಸೆಲ್ಸಿಯಸ್‌ನಲ್ಲಿ ಏಳು ದಿನ ಹೆಪ್ಪುಗಟ್ಟಿಸಬೇಕು ಎಂಬುದು ಅಮೆರಿಕದ ಆಹಾರ ಸುರಕ್ಷತೆಯ ನಿಯಮ. ಮನೆಯ ಫ್ರಿಜ್ಜಿನ ಮೇಲಂಕಣ ಅಷ್ಟು ತಣ್ಣಗಾಗುವುದು ಅಪರೂಪ, ಕರೆಂಟು ಹೋಗಿ ಬರುವ ಊರಿನಲ್ಲಂತೂ ಏಳು ದಿನ ಹಾಗೆ ಉಳಿಯುವುದೇ ಇಲ್ಲ. ಮೀನಿನ ನಡುಭಾಗ 63 ಡಿಗ್ರಿ ಮುಟ್ಟುವಷ್ಟು ಬೆಂದರೆ ಈ ಹುಳುಗಳ ಭಯವಿಲ್ಲ. ಕರಿದ ತುಂಡಿನೊಳಗೆ ಮಾಂಸ ಬೆಳ್ಳಗಾಗಿ, ಪದರು ಪದರಾಗಿ ಬಿಡಿಸಿಕೊಂಡರೆ ಬೆಂದಿದೆ ಎಂದರ್ಥ.

ಸಮುದ್ರದಿಂದ ದೂರವಿರುವ ಜಪಾನೀಯರೂ ಹೊಳೆ ಕೆರೆಯ ಮೀನನ್ನು ಹದ ಮಾಡುವ ಬೇರೆ ದಾರಿಗಳನ್ನು ಕಂಡುಕೊಂಡಿದ್ದಾರೆ. ಬೆಟ್ಟಗಳ ನಡುವಿನ ನಾಗಾನೊ ಪ್ರಾಂತ್ಯದ ಸಾಕು ಎಂಬ ಊರು ಗೆಂಡೆ ಮೀನಿಗೆ ಹೆಸರುವಾಸಿ. ಅಲ್ಲಿ ಗೆಂಡೆಯನ್ನು ದಪ್ಪ ಹೋಳು ಮಾಡಿ, ಹುದುಗಿಸಿದ ಸೋಯಾ ಅವರೆಯ ಮುದ್ದೆಯಾದ ಮಿಸೊದಲ್ಲಿ ಬಹಳ ಹೊತ್ತು ಬೇಯಿಸುತ್ತಾರೆ. ಅದಕ್ಕೆ ಕೋಯ್‌ಕೊಕು ಎನ್ನುತ್ತಾರೆ. ಸೋಯಾ ಸಾಸ್ ಮತ್ತು ಸಕ್ಕರೆಯಲ್ಲಿ ಕುದಿಸಿ ಗಟ್ಟಿ ಮಾಡುವ ಬಗೆಯೂ ಇದೆ. ಬಿವಾ ಸರೋವರದ ಸುತ್ತ ಫುನಾಝುಶಿ ಮಾಡುತ್ತಾರೆ. ಗೆಂಡೆಯ ಜಾತಿಯ ಮೀನನ್ನು ಮೊದಲು ಉಪ್ಪಿನಲ್ಲಿ, ಆಮೇಲೆ ಅನ್ನದಲ್ಲಿ ತಿಂಗಳುಗಟ್ಟಲೆ ಹುದುಗಿಸುವ ಈ ತಿನಿಸು ಇಂದಿನ ಸುಶಿಯ ಹಳೆಯ ರೂಪ. ಹುದುಗಿಸುವ ಕೆಲಸಕ್ಕೆ ಅನುಭವಿ ಕೈ ಬೇಕು, ಮಿಸೊ ನಮ್ಮ ಸಂತೆಯಲ್ಲಿ ಸಿಗುವುದಿಲ್ಲ. ನಾನ್‌ಬಾನ್‌ಝುಕೆಗೆ ಈ ಎರಡರ ಹಂಗೂ ಇಲ್ಲ.

ಮಿಸೊವನ್ನು ಮನೆಯಲ್ಲೇ ಮಾಡಿಕೊಳ್ಳುವ ಹುಮ್ಮಸ್ಸಿನವರಿಗೆ ಇಲ್ಲೊಂದು ಎಚ್ಚರಿಕೆ ಅಗತ್ಯ. ಮಿಸೊ ಆಗುವುದು ಕೋಜಿ ಎಂಬ ಆಯ್ದ ಬೂಸ್ಟಿನಿಂದ. ಬೇಯಿಸಿದ ಕಾಳಿನ ಮೇಲೆ ತಾನಾಗಿ ಬಂದ ಬೂಸ್ಟು ಅಫ್ಲಾಟಾಕ್ಸಿನ್‌ನಂಥ ವಿಷ ಬಿಡಬಹುದು. ಅದನ್ನು ಎಸೆಯುವುದೇ ಸರಿ.

ಮೀನು ಕೊಳ್ಳುವಾಗ ಕಣ್ಣು, ಕಿವಿರು, ಮೈ ಮೂರನ್ನೂ ನೋಡಬೇಕು. ಕಣ್ಣು ತಿಳಿಯಾಗಿ ಉಬ್ಬಿರಬೇಕು, ಕಿವಿರು ಕೆಂಪಗಿರಬೇಕು, ಬೆರಳಲ್ಲಿ ಒತ್ತಿದ ಜಾಗ ಕೂಡಲೇ ಮೇಲೇಳಬೇಕು. ಬೇಸಿಗೆಯಲ್ಲಿ ಹೊಳೆಯಿಂದ ಮನೆ ಮುಟ್ಟುವವರೆಗೂ ಮಂಜುಗಡ್ಡೆ ಬೇಕು. ಮುಂಗಾರಿನ ಹೊಸ ನೀರಿಗೆ ಗೆಂಡೆಗಳು ಮೊಟ್ಟೆ ಇಡುತ್ತವೆ. ಆ ದಿನಗಳಲ್ಲಿ ಮೊಟ್ಟೆ ತುಂಬಿದ ಮೀನನ್ನು ಕೊಳ್ಳದಿದ್ದರೆ ಮುಂದಿನ ವರ್ಷದ ಬಲೆಗೆ ಮೀನು ಉಳಿಯುತ್ತದೆ.

ಕೆರೆ ಹೊಳೆಯ ಮೀನು ಮಣ್ಣಿನ ವಾಸನೆ ಹೊಡೆಯುತ್ತದೆ ಎಂಬ ದೂರು ಹಳೆಯದು. ನೀರಿನಲ್ಲಿರುವ ನೀಲಿ ಹಸಿರು ಪಾಚಿ ಮತ್ತು ಕೆಲವು ಬ್ಯಾಕ್ಟೀರಿಯಾಗಳು ಜಿಯೋಸ್ಮಿನ್ ಎಂಬ ವಸ್ತುವನ್ನು ಬಿಡುತ್ತವೆ. ಮೊದಲ ಮಳೆ ಬಿದ್ದಾಗ ಹೊಲದಿಂದ ಏಳುವ ವಾಸನೆಯಲ್ಲಿ ಇರುವುದೂ ಇದೇ. ಮೀನು ಅದನ್ನು ಕಿವಿರು ಮತ್ತು ಚರ್ಮದ ಮೂಲಕ ಹೀರಿ ಕೊಬ್ಬಿನಲ್ಲಿ ಇಟ್ಟುಕೊಳ್ಳುತ್ತದೆ. ಹುಳಿ ಜಿಯೋಸ್ಮಿನ್ನನ್ನು ಒಡೆಯುತ್ತದೆ. ಚಾಲುಕ್ಯರ ಅಡುಗೆಯವರು ಹುಣಸೆ ರಸ ಹಿಡಿದದ್ದಕ್ಕೂ ಜಪಾನೀಯರು ವಿನೆಗರ್ ಹಿಡಿದದ್ದಕ್ಕೂ ನಾಲಿಗೆಯೇ ಗುರು. ಇಂದಿನ ರಸಾಯನಶಾಸ್ತ್ರ ಅದರ ಕಾರಣ ಹೇಳುತ್ತದೆ, ಅಷ್ಟೇ.

ಜಪಾನಿನ ಅಡುಗೆಯವರು ಮಾಡುವ ಇನ್ನೊಂದು ಸಣ್ಣ ಕೆಲಸವೂ ಇಲ್ಲಿ ಉಪಯೋಗಕ್ಕೆ ಬರುತ್ತದೆ. ಹೆಚ್ಚಿದ ಮೀನಿಗೆ ಉಪ್ಪು ಉದುರಿಸಿ ಹದಿನೈದು ನಿಮಿಷ ಓರೆಯಾಗಿ ಇಟ್ಟರೆ ಒಳಗಿನ ನೀರು ಹೊರಬರುತ್ತದೆ. ಆ ನೀರಿನ ಜೊತೆ ವಾಸನೆಯೂ ಬರುತ್ತದೆ. ಅದನ್ನು ಚೆಲ್ಲಿ, ಮೀನನ್ನು ತೆಳು ಹುಣಸೆ ನೀರಿನಲ್ಲಿ ಒಮ್ಮೆ ಅದ್ದಿ, ಬಟ್ಟೆಯಿಂದ ಒತ್ತಿ ಒರೆಸಬೇಕು. ಒದ್ದೆ ಮೀನು ಎಣ್ಣೆಯಲ್ಲಿ ಸಿಡಿಯುತ್ತದೆ, ಗರಿಗರಿಯಾಗುವುದಿಲ್ಲ.

ರೋಹು, ಕಾಟ್ಲಾ ತಿನ್ನಲು ಹೆದರುವವರು ಹೆದರುವುದು ಮುಳ್ಳಿಗೆ. ಬೆನ್ನೆಲುಬನ್ನು ತೆಗೆದರೂ ಮಾಂಸದೊಳಗೆ ಕವಲೊಡೆದ ಸಣ್ಣ ಮುಳ್ಳುಗಳು ಉಳಿಯುತ್ತವೆ. ಕ್ಯೋಟೊ ನಗರದಲ್ಲಿ ಬೇಸಿಗೆಯ ಗಿಯೊನ್ ಹಬ್ಬಕ್ಕೆ ತಿನ್ನುವ ಹಾಮೊ ಎಂಬ ಹಾವಿನಾಕಾರದ ಮೀನಿನಲ್ಲೂ ಹೀಗೆಯೇ ಮುಳ್ಳು ತುಂಬಿರುತ್ತದೆ. ಅಲ್ಲಿನ ಅಡುಗೆಯವರು ಮುಳ್ಳನ್ನು ಕೀಳುವುದಿಲ್ಲ. ಚರ್ಮ ಕೆಳಗೆ ಬರುವಂತೆ ಮೀನನ್ನು ಹಾಸಿ, ಮೂರು ಸೆಂಟಿಮೀಟರ್ ಅಗಲದಲ್ಲಿ ಇಪ್ಪತ್ತಕ್ಕೂ ಹೆಚ್ಚು ಗೀರು ಬೀಳುವಂತೆ ಚಾಕು ಇಳಿಸುತ್ತಾರೆ. ಚರ್ಮ ತುಂಡಾಗುವುದಿಲ್ಲ, ಮುಳ್ಳು ಮಾತ್ರ ಕಿರಿದಾಗಿ ಕತ್ತರಿಸಿ ಹೋಗುತ್ತದೆ. ಇದನ್ನು ಹೊನೆಗಿರಿ ಎನ್ನುತ್ತಾರೆ. ಮನೆಯಲ್ಲಿ ಅಷ್ಟು ಸೂಕ್ಷ್ಮ ಬೇಕಿಲ್ಲ. ಬೆನ್ನೆಲುಬು ಬಿಡಿಸಿದ ರೋಹುವಿನ ಹೋಳಿಗೆ ಮೂರು ಮಿಲಿಮೀಟರಿಗೊಂದರಂತೆ, ಚರ್ಮದ ಹತ್ತಿರದವರೆಗೂ ಹರಿತ ಚಾಕುವಿನಿಂದ ಗೀರು ಹಾಕಿದರೆ ಸಾಕು. ಎಣ್ಣೆಯಲ್ಲಿ ಆ ತುಣುಕು ಮುಳ್ಳುಗಳು ಗರಿಗರಿಯಾಗುತ್ತವೆ, ಹುಳಿಯಲ್ಲಿ ಇನ್ನಷ್ಟು ಮೆತ್ತಗಾಗುತ್ತವೆ. ಬಾಲದ ಕಡೆಯ ತುಂಡುಗಳಲ್ಲಿ ಸಣ್ಣ ಮುಳ್ಳು ಹೆಚ್ಚು. ಮಕ್ಕಳ ತಟ್ಟೆಗೆ ಹೊಟ್ಟೆಯ ಭಾಗದ ತುಂಡು ಕೊಟ್ಟು, ಬಿಡಿಸಿ ನೋಡಿಯೇ ತಿನ್ನಿಸಬೇಕು. ಬಾಳೆ ಮೀನಿಗೂ ಕೊರಮೀನಿಗೂ ಈ ತಾಪತ್ರಯವಿಲ್ಲ.

ಹಿಟ್ಟಿನ ವಿಷಯದಲ್ಲಿ ಮುಂಡರಗಿಯ ಅಡುಗೆಮನೆಗೆ ಒಂದು ಅನುಕೂಲವಿದೆ. ಜಪಾನಿನಲ್ಲಿ ಬಟಾಟೆಯ ಪಿಷ್ಟ ಅಥವಾ ಗೋಧಿ ಹಿಟ್ಟು ಸವರುತ್ತಾರೆ. ಇಲ್ಲಿ ಪ್ರತಿ ಮನೆಯಲ್ಲೂ ಜೋಳದ ಹಿಟ್ಟಿದೆ. ಗ್ಲುಟೆನ್ ಇಲ್ಲದ ಜೋಳದ ಹಿಟ್ಟು ಜಿಗುಟಾಗುವುದಿಲ್ಲ, ಎಣ್ಣೆಯಲ್ಲಿ ತೆಳ್ಳಗೆ ಗರಿಗರಿಯಾದ ಪೊರೆ ಕಟ್ಟುತ್ತದೆ. ನುಣ್ಣಗೆ ಜರಡಿ ಹಿಡಿದ ಹೊಸ ಹಿಟ್ಟೇ ಆಗಬೇಕು. ಇದು ಭಜಿಯ ಹಾಗೆ ದಪ್ಪ ಹಿಟ್ಟಿನಲ್ಲಿ ಮುಳುಗಿಸುವ ಅಡುಗೆಯಲ್ಲ. ಒಣ ಹಿಟ್ಟಿನಲ್ಲಿ ಹೊರಳಿಸಿ, ಕೊಡವಿ, ಕೂಡಲೇ ಎಣ್ಣೆಗೆ ಬಿಡಬೇಕು. ಎಣ್ಣೆ ಕುಸುಬಿಯದಾದರೆ ಒಳ್ಳೆಯದು. ಶೇಂಗಾ ಎಣ್ಣೆಯೂ ಆದೀತು.

ರುಚಿಯ ಗುಟ್ಟು ಹುಳಿ ನೀರಿನಲ್ಲಿದೆ. ಜಪಾನಿನಲ್ಲಿ ಇದಕ್ಕೆ ದಾಶಿ ಎಂಬ ತೆಳು ಕಷಾಯ ಸೇರಿಸುತ್ತಾರೆ. ಕೊಂಬು ಎಂಬ ಸಮುದ್ರದ ಪಾಚಿ, ಒಣಗಿಸಿ ತುರಿದ ಕತ್ಸುಒ ಮೀನು, ಇಲ್ಲವೆ ಒಣಗಿದ ಸಣ್ಣ ಮೀನುಗಳಿಂದ ಅದನ್ನು ತೆಗೆಯುತ್ತಾರೆ. 1908ರಲ್ಲಿ ರಸಾಯನಶಾಸ್ತ್ರಜ್ಞ ಕಿಕುನಾಎ ಇಕೆದಾ ಕೊಂಬುವಿನ ರುಚಿಗೆ ಗ್ಲುಟಮೇಟ್ ಕಾರಣವೆಂದು ಕಂಡುಹಿಡಿದು ಆ ರುಚಿಯನ್ನು ಉಮಾಮಿ ಎಂದು ಕರೆದರು. 1913ರಲ್ಲಿ ಅವರ ಶಿಷ್ಯ ಶಿಂತಾರೊ ಕೊದಾಮಾ ಒಣ ಮೀನಿನಲ್ಲಿರುವ ಇನೋಸಿನೇಟ್ ಗುರುತಿಸಿದರು. ಇವೆರಡೂ ಕೂಡಿದಾಗ ರುಚಿ ಹಲವು ಪಟ್ಟು ಏರುತ್ತದೆ. ಸೋಯಾ ಸಾಸ್‌ನಲ್ಲಿ ಗ್ಲುಟಮೇಟ್ ಇದೆ. ಒಣ ಮೀನಿನಲ್ಲಿ ಇನೋಸಿನೇಟ್ ಇದೆ. ಕಾರವಾರ, ಅಂಕೋಲೆ ಕಡೆಯಿಂದ ಉತ್ತರ ಕರ್ನಾಟಕದ ಸಂತೆಗಳಿಗೆ ಬರುವ ಒಣ ಮೀನು ಇಲ್ಲಿ ದಾಶಿಯ ಕೆಲಸವನ್ನು ಚೆನ್ನಾಗಿ ಮಾಡುತ್ತದೆ. ಬೆರಳುದ್ದದ ಸಣ್ಣ ಒಣ ಮೀನು ಒಂದು ಹಿಡಿ ತೆಗೆದುಕೊಂಡು ತಲೆ, ಹೊಟ್ಟೆ ಮುರಿದು ತೆಗೆಯಬೇಕು, ಅಲ್ಲೇ ಕಹಿ ಇರುವುದು. ಉಪ್ಪು ಹೋಗುವಂತೆ ಎರಡು ಸಲ ತೊಳೆದು, ಅರ್ಧ ಲೀಟರ್ ತಣ್ಣೀರಿನಲ್ಲಿ ಅರ್ಧ ತಾಸು ನೆನೆಸಿ, ಸಣ್ಣ ಉರಿಯಲ್ಲಿ ಹತ್ತು ನಿಮಿಷ ಕುದಿಸಿ ಸೋಸಬೇಕು.

ಸೋಯಾ ಸಾಸ್ ಕೊಳ್ಳುವಾಗ ಬಾಟಲಿಯ ಹಿಂದಿನ ಚೀಟಿ ಓದಬೇಕು. ಸೋಯಾ ಅವರೆ, ಗೋಧಿ, ಉಪ್ಪು, ನೀರು ಇಷ್ಟನ್ನೇ ತಿಂಗಳುಗಟ್ಟಲೆ ಹುದುಗಿಸಿ ತೆಗೆದದ್ದು ಒಂದು ಬಗೆ. ಸೋಯಾದ ಸಾರವನ್ನು ಆಮ್ಲದಿಂದ ಒಡೆದು, ಕ್ಯಾರಮೆಲ್ ಬಣ್ಣ ಕೂಡಿಸಿದ್ದು ಇನ್ನೊಂದು ಬಗೆ. ಗೋಬಿ ಮಂಚೂರಿ ಗಾಡಿಗಳಲ್ಲಿ ಕಾಣುವುದು ಹೆಚ್ಚಾಗಿ ಎರಡನೆಯದು. ಈ ಅಡುಗೆಗೆ ಮೊದಲನೆಯದೇ ಬೇಕು. ದೊಡ್ಡ ಚಮಚ ಸೋಯಾ ಸಾಸ್‌ನಲ್ಲಿ ಸುಮಾರು ಎರಡೂವರೆ ಗ್ರಾಂ ಉಪ್ಪಿರುತ್ತದೆ. ವಿಶ್ವ ಆರೋಗ್ಯ ಸಂಸ್ಥೆ ದೊಡ್ಡವರಿಗೆ ಹೇಳಿದ ದಿನದ ಮಿತಿ ಐದು ಗ್ರಾಮಿಗಿಂತ ಕಡಿಮೆ. ರಕ್ತದೊತ್ತಡ ಇರುವವರು ಹುಳಿ ನೀರನ್ನು ಸಾರಿನಂತೆ ಕುಡಿಯದೆ ಮೀನಿಗೆ ಅಂಟಿದಷ್ಟನ್ನೇ ತಿನ್ನಬೇಕು, ಬೇರೆ ಉಪ್ಪು ಹಾಕಿಕೊಳ್ಳಬಾರದು.

ನಾಲ್ಕು ಜನರಿಗೆ ಅಳತೆ ಹೀಗೆ. ಬೆನ್ನೆಲುಬು ಬಿಡಿಸಿದ ಮೀನು ಅರ್ಧ ಕಿಲೊ. ಜೋಳದ ಹಿಟ್ಟು ನಾಲ್ಕು ದೊಡ್ಡ ಚಮಚ. ಒಣ ಮೀನಿನ ಕಷಾಯ 150 ಮಿಲಿಲೀಟರ್, ವಿನೆಗರ್ 100 ಮಿಲಿಲೀಟರ್, ಸೋಯಾ ಸಾಸ್ ಮೂರು ದೊಡ್ಡ ಚಮಚ, ಪುಡಿ ಮಾಡಿದ ಬೆಲ್ಲ ಮೂರು ದೊಡ್ಡ ಚಮಚ. ಬೀಜ ತೆಗೆದು ಉಂಗುರದಂತೆ ಕತ್ತರಿಸಿದ ಬ್ಯಾಡಗಿ ಮೆಣಸಿನಕಾಯಿ ಎರಡು. ಬೆರಳಿನ ಗೆಣ್ಣಿನಷ್ಟು ಹಸಿ ಶುಂಠಿ. ದೊಡ್ಡ ಉಳ್ಳಾಗಡ್ಡಿ ಒಂದು, ಗಜ್ಜರಿ ಒಂದು, ದೊಣ್ಣಮೆಣಸಿನಕಾಯಿ ಒಂದು. ಇವಿಷ್ಟನ್ನೂ ಕಡ್ಡಿಯಷ್ಟು ತೆಳ್ಳಗೆ ಹೆಚ್ಚಬೇಕು.

ಹುಳಿ ನೀರು ಮೊದಲು ತಯಾರಾಗಬೇಕು. ಕಷಾಯ, ಸೋಯಾ ಸಾಸ್, ಬೆಲ್ಲ ಕೂಡಿಸಿ ಒಂದು ಕುದಿ ಬಂದ ಮೇಲೆ ವಿನೆಗರ್ ಹಾಕಿ ಕೂಡಲೇ ಒಲೆ ಆರಿಸಬೇಕು. ಹೆಚ್ಚು ಕುದಿಸಿದರೆ ವಿನೆಗರಿನ ಹುಳಿ ಹಾರಿಹೋಗುತ್ತದೆ. ಅಲ್ಯೂಮಿನಿಯಂ ಪಾತ್ರೆ ಬೇಡ, ಹುಳಿಗೆ ಅದು ಕರಗುತ್ತದೆ. ಸ್ಟೀಲು, ಗಾಜು, ಪಿಂಗಾಣಿ ನಡೆಯುತ್ತವೆ. ಬಿಸಿ ಇರುವಾಗಲೇ ಮೆಣಸಿನಕಾಯಿ, ಶುಂಠಿ, ಹೆಚ್ಚಿದ ಕಾಯಿಪಲ್ಲೆ ಅದಕ್ಕೆ ಸೇರಬೇಕು.

ಆಮೇಲೆ ಎಣ್ಣೆ. ಬೆರಳುದ್ದದ ಅರ್ಧದಷ್ಟು ಆಳಕ್ಕೆ ಇದ್ದರೆ ಸಾಕು. ಹಿಟ್ಟಿನ ಒಂದು ಸಣ್ಣ ಉಂಡೆ ಹಾಕಿದರೆ ಅದು ಅರ್ಧ ಮುಳುಗಿ ಮೇಲೆ ಬರುವಷ್ಟು ಕಾದಿರಬೇಕು, ಅದು ಸುಮಾರು 170ರಿಂದ 180 ಡಿಗ್ರಿ. ಒಂದೇ ಸಲ ತುಂಬಾ ತುಂಡು ಹಾಕಿದರೆ ಎಣ್ಣೆ ತಣ್ಣಗಾಗಿ ಹಿಟ್ಟು ಎಣ್ಣೆ ಕುಡಿಯುತ್ತದೆ. ಚರ್ಮದ ಕಡೆ ಮೊದಲು ಕೆಳಗಿರಲಿ. ಎರಡೂ ಬದಿ ಹೊಂಬಣ್ಣಕ್ಕೆ ಬಂದ ಕೂಡಲೇ ಎಣ್ಣೆ ಬಸಿದು, ಬಿಸಿಬಿಸಿಯಾಗಿಯೇ ಹುಳಿ ನೀರಿಗೆ ಬಿಡಬೇಕು. ಚುಂಯ್ ಎಂಬ ಸದ್ದು ಬರಬೇಕು. ಬಿಸಿ ತುಂಡು ತಣಿಯುತ್ತಾ ನೀರನ್ನು ಒಳಗೆಳೆದುಕೊಳ್ಳುತ್ತದೆ. ಕರಿದು ಆರಿಸಿಟ್ಟ ಮೀನಿಗೆ ಈ ಹದ ಬರುವುದಿಲ್ಲ. ನಡುವೆ ಒಮ್ಮೆ ತಿರುವಿ ಅರ್ಧ ತಾಸು ಬಿಟ್ಟರೆ ತಿನ್ನಲು ಸಿದ್ಧ. ಮುಚ್ಚಿ ಫ್ರಿಜ್ಜಿನಲ್ಲಿಟ್ಟರೆ ಮರುದಿನ ರುಚಿ ಇನ್ನೂ ಏರುತ್ತದೆ. ಎರಡು ದಿನ ದಾಟಿಸಬಾರದು.

ಮೇಲೆ ಉದುರಿಸಲು ಜಪಾನಿನಲ್ಲಿ ಶಿಚಿಮಿ ಎಂಬ ಏಳು ಬಗೆಯ ಪುಡಿ ಇದೆ. 1625ರ ಹೊತ್ತಿಗೆ ಎದೊ ನಗರದಲ್ಲಿ, ಅಂದರೆ ಇಂದಿನ ಟೋಕಿಯೊದಲ್ಲಿ, ಇದರ ಮಾರಾಟ ಶುರುವಾಯಿತು. ಅದರಲ್ಲಿ ಒಣ ಮೆಣಸಿನಕಾಯಿ, ಎಳ್ಳು, ಗಸಗಸೆ, ಕಿತ್ತಳೆ ಜಾತಿಯ ಹಣ್ಣಿನ ಸಿಪ್ಪೆ, ಸಾನ್ಶೊ ಎಂಬ ನಾಲಿಗೆ ಜುಮ್ಮೆನ್ನಿಸುವ ಕಾಳು ಮೊದಲಾದವು ಇರುತ್ತವೆ. ಅಗಸಿ, ಗುರೆಳ್ಳು, ಶೇಂಗಾ ಹಿಂಡಿಗಳನ್ನು ಡಬ್ಬಿ ತುಂಬಿಡುವ ಗದಗ ಸೀಮೆಯ ಹೆಣ್ಣುಮಕ್ಕಳಿಗೆ ಇದು ಅಪರಿಚಿತವೆನಿಸದು. ಹುರಿದ ಎಳ್ಳು, ಹುರಿದ ಅಗಸಿ, ಬ್ಯಾಡಗಿ ಪುಡಿ, ನೆರಳಲ್ಲಿ ಒಣಗಿಸಿದ ನಿಂಬೆ ಸಿಪ್ಪೆಯನ್ನು ತರಿತರಿಯಾಗಿ ಕುಟ್ಟಿದರೆ ಮನೆಯದೇ ಪುಡಿಯಾಗುತ್ತದೆ. ಕರಾವಳಿಯವರು ಬಂಗಡೆ ಸಾರಿಗೆ ಹಾಕುವ ಜುಮ್ಮನಕಾಯಿ, ಅಂದರೆ ಕೊಂಕಣಿಗರ ತೆಪ್ಪಲ, ಸಾನ್ಶೊವಿನ ಕುಲದ್ದೇ ಮರದ ಕಾಯಿ. ಸಿಕ್ಕರೆ ಎರಡು ಕಾಳಿನ ಸಿಪ್ಪೆ ಸೇರಿಸಬಹುದು.

ಬಡಿಸುವಾಗ ಅನ್ನವೇ ಆಗಬೇಕೆಂದಿಲ್ಲ. ಜಪಾನಿನ ಹೊಸ ವರ್ಷದ ಊಟದಲ್ಲಿ ವಿನೆಗರಿನಲ್ಲಿ ಹದ ಮಾಡಿದ ಕೊಹಾದಾ ಎಂಬ ಸಣ್ಣ ಮೀನನ್ನು ಹಳದಿ ಬಣ್ಣದ ಆವಾ ಕಾಳಿನ ಜೊತೆ ಇಡುತ್ತಾರೆ. ಆವಾ ಎಂದರೆ ನಮ್ಮ ನವಣೆ. ಹುಳಿ ಮೀನಿಗೆ ನವಣೆ ಅನ್ನ ಹೊಂದುತ್ತದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಡ. ಬಿಸಿ ಜೋಳದ ರೊಟ್ಟಿಯೂ ಆಗುತ್ತದೆ. ರೊಟ್ಟಿಯ ತುಣುಕು ಆ ಸಿಹಿ ಹುಳಿ ನೀರನ್ನು ಹೀರಿಕೊಂಡು ಮೆತ್ತಗಾದಾಗ ಅದಕ್ಕೊಂದು ಹೊಸ ರುಚಿ ಬರುತ್ತದೆ.

ಬಣ್ಣದ ಪುಡಿ ಮಾತ್ರ ಇಲ್ಲಿ ಬೇಡವೇ ಬೇಡ. 2024ರ ಮಾರ್ಚ್‌ನಲ್ಲಿ ಗೋಬಿ ಮಂಚೂರಿಗೆ, ಅದೇ ವರ್ಷ ಜೂನ್‌ನಲ್ಲಿ ಮೀನು ಮತ್ತು ಕೋಳಿಯ ಕಬಾಬಿಗೆ ಕೃತಕ ಬಣ್ಣ ಬಳಸುವುದನ್ನು ಕರ್ನಾಟಕ ಸರ್ಕಾರ ನಿಷೇಧಿಸಿತು. ಬ್ಯಾಡಗಿಯ ನೆಲದಲ್ಲಿ ಕಬಾಬಿಗೆ ಡಬ್ಬಿಯ ಕೆಂಪು ಸುರಿಯುವ ಅಗತ್ಯವೇ ಇರಲಿಲ್ಲ. ಹುಳಿ ನೀರಿನಲ್ಲಿ ನೆನೆದ ಎರಡು ಬ್ಯಾಡಗಿ ಮೆಣಸಿನಕಾಯಿ ಮೀನಿಗೆ ಬೇಕಾದ ಬಣ್ಣವನ್ನು ತಾವೇ ಕೊಡುತ್ತವೆ.

ಮುಂಡರಗಿ ಮಠದ ಊರು. ಬಹಳಷ್ಟು ಮನೆಗಳಲ್ಲಿ ಮೀನು ಬೇಯುವುದಿಲ್ಲ. ಅವರಿಗೂ ಈ ಅಡುಗೆಯಲ್ಲಿ ಪಾಲಿದೆ. ಜಪಾನಿನಲ್ಲಿ ಬದನೆಕಾಯಿಯನ್ನು ಕರಿದು ಇದೇ ಬಗೆಯ ಹುಳಿ ನೀರಿನಲ್ಲಿ ನೆನೆಸಿ ತಿನ್ನುವ ರೂಢಿ ಇದೆ. ಎಣಗಾಯಿ ಮಾಡುವ ಎಳೆ ಮುಳಗಾಯಿ ಅದಕ್ಕೆ ಹೇಳಿ ಮಾಡಿಸಿದಂತಿದೆ. ಒಣ ಮೀನಿನ ಬದಲು ಒಣ ಅಣಬೆಯ ಕಷಾಯ ಹಾಕಿದರೆ ಆಯಿತು. ಜಪಾನಿನ ಬೌದ್ಧ ವಿಹಾರಗಳ ಸಸ್ಯಾಹಾರ ಪದ್ಧತಿ, ಶೋಜಿನ್ ರ್ಯೋರಿ, ಇಂಥ ಕಷಾಯಗಳ ಮೇಲೆಯೇ ನಿಂತಿದೆ. ಝೆನ್ ಗುರು ದೋಗೆನ್ 1237ರಲ್ಲಿ ವಿಹಾರದ ಅಡುಗೆಯವನ ಕರ್ತವ್ಯಗಳ ಮೇಲೆ ಗ್ರಂಥವನ್ನೇ ಬರೆದರು. ಬೌದ್ಧ ವಿಹಾರಗಳು ಈ ತಾಲ್ಲೂಕಿಗೂ ಹೊರಗಿನವಲ್ಲ. ಡಂಬಳದಲ್ಲಿ ತಾರಾ ದೇವಿಯ ವಿಹಾರವಿತ್ತೆಂದು 1095ರ ಶಾಸನ ಹೇಳುತ್ತದೆ.

ಬೆರಕೆ ಅಡುಗೆ ಎಂದರೆ ದುಬಾರಿ ಬಾಟಲಿಗಳ ಸಾಲು ಎಂಬ ಭಾವನೆ ನಗರಗಳಿಂದ ಬಂದದ್ದು. 1997ರಲ್ಲಿ ಟೊಯೊಟಾ ಕಿರ್ಲೋಸ್ಕರ್ ಕಂಪನಿ ಆರಂಭವಾಗಿ ಬಿಡದಿಗೆ ಕಾರ್ಖಾನೆ ಬಂದ ಮೇಲೆ ಬೆಂಗಳೂರಿನಲ್ಲಿ ಜಪಾನೀಯರ ಸಂಖ್ಯೆ ಹೆಚ್ಚಿತು, ಅವರಿಗಾಗಿ ಹೋಟೆಲುಗಳೂ ಅಂಗಡಿಗಳೂ ಬಂದವು. ಅಲ್ಲಿ ಮೀನು ವಿಮಾನದಲ್ಲಿ ಬರುತ್ತದೆ, ಬೆಲೆಯೂ ಹಾಗೆಯೇ ಇರುತ್ತದೆ. ಜಪಾನಿನ ಮನೆ ಅಡುಗೆ ಹಾಗಿಲ್ಲ. ಹತ್ತಿರದ ನೀರಿನ ಮೀನು, ಆ ಋತುವಿನ ಕಾಯಿಪಲ್ಲೆ, ಮನೆಯಲ್ಲಿರುವ ಕಾಳು ಇವೇ ಅದರ ಬುನಾದಿ. ಕ್ಯುಶು ದ್ವೀಪದ ಮಿಯಾಝಾಕಿಯವರು ಇದೇ ಹುಳಿ ನೀರಿಗೆ ಇಪ್ಪತ್ತನೆಯ ಶತಮಾನದ ನಡುವಿನಲ್ಲಿ ಕರಿದ ಕೋಳಿ ಹಾಕಿದರು. ಚಿಕನ್ ನಾನ್‌ಬಾನ್ ಇಂದು ಅವರ ಪ್ರಾಂತ್ಯದ ಹೆಮ್ಮೆ. ಜಪಾನೀಯರೇ ಬದಲಿಸುತ್ತ ಬಂದ ಅಡುಗೆಗೆ ಜೋಳ, ಕುಸುಬಿ, ಬೆಲ್ಲ ಸೇರಿದರೆ ಅದರ ಸ್ವಭಾವಕ್ಕೆ ಕುಂದು ಬರುವುದಿಲ್ಲ. ವಿನೆಗರಿನ ಹುಳಿ, ಸೋಯಾ, ಒಣ ಮೀನಿನ ಕಷಾಯ, ಬಿಸಿಯಾಗಿಯೇ ನೆನೆಸುವ ಕ್ರಮ ಈ ನಾಲ್ಕನ್ನು ಬಿಡದಿದ್ದರೆ ಸಾಕು. ಗರಂ ಮಸಾಲೆ, ಬಳ್ಳೊಳ್ಳಿ ಪೇಸ್ಟ್ ಸೇರಿದರೆ ಅದು ಎಲ್ಲೆಡೆ ಸಿಗುವ ಕಬಾಬೇ ಆಗುತ್ತದೆ.

ಹೊಳೆಯಂಚಿನ ಊರುಗಳಿಗೆ ಹೋದಾಗ ಬಲೆ ಬೀಸಿದವರ ಕೈಯಿಂದಲೇ ಮೀನು ಕೊಳ್ಳಿ. ಹುರುಪೆ ತೆಗೆದು, ಬೆನ್ನೆಲುಬು ಬಿಡಿಸಿ ಕೊಡಲು ಅವರನ್ನೇ ಕೇಳಿ, ಆ ಕೆಲಸಕ್ಕೆ ನಾಲ್ಕು ಕಾಸು ಹೆಚ್ಚು ಕೊಡಿ. ಹಸಿಯಾಗಿ ಮಾತ್ರ ಎಂದೂ ತಿನ್ನಬೇಡಿ. ಅರ್ಧ ಕಿಲೊ ರೋಹು, ನಾಲ್ಕು ಚಮಚ ಜೋಳದ ಹಿಟ್ಟು, ಒಂದು ಹಿಡಿ ಒಣ ಮೀನು, ಒಂದು ಬಾಟಲಿ ವಿನೆಗರ್, ಒಂದು ಬಾಟಲಿ ಒಳ್ಳೆಯ ಸೋಯಾ ಸಾಸ್ ಇದ್ದರೆ ಬರುವ ಭಾನುವಾರವೇ ಇದನ್ನು ಮಾಡಿ ನೋಡಬಹುದು.